ಸ್ಟೀಮ್‌ನಲ್ಲಿ ಫ್ರೆಂಡ್ಸ್ ಲಿಸ್ಟ್ ಕೈಕೊಟ್ಟಾಗ: ತೊಂದರೆ ಎಲ್ಲಿದೆ ಎಂದು ಹುಡುಕಿ ಸರಿಮಾಡುವ ಬಗೆ

ಸ್ಟೀಮ್ ಎಂದರೆ ಕಂಪ್ಯೂಟರ್ ಗೇಮ್‌ಗಳನ್ನು ಕೊಂಡು, ಇಳಿಸಿಕೊಂಡು, ಗೆಳೆಯರ ಜೊತೆ ಆಡುವ ಸಾಫ್ಟ್‌ವೇರ್. ಅದರ ಫ್ರೆಂಡ್ಸ್ ಲಿಸ್ಟ್ ಕೆಲಸ ಮಾಡದಿದ್ದರೆ ತುಂಬಾ ಜನ ಮೊದಲು ಸ್ಟೀಮ್ ಅನ್ನೇ ಅನ್‌ಇನ್‌ಸ್ಟಾಲ್ ಮಾಡಲು ಹೋಗುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಅನ್‌ಇನ್‌ಸ್ಟಾಲ್ ಮಾಡಿದರೆ ಸ್ಟೀಮ್ ಫೋಲ್ಡರ್‌ನಲ್ಲಿರುವ ಗೇಮ್‌ಗಳೂ ಅದರ ಜೊತೆಗೇ ಅಳಿಸಿಹೋಗುತ್ತವೆ. ರಾತ್ರಿಯಿಡೀ ಇಳಿಸಿಕೊಂಡ 100 ಜಿಬಿ ಗೇಮನ್ನು ಮತ್ತೆ ಮೊದಲಿನಿಂದ ಇಳಿಸಬೇಕಾಗುತ್ತದೆ. ಅಷ್ಟೆಲ್ಲ ಮಾಡಿದ ಮೇಲೂ ಲಿಸ್ಟ್ ಹಾಗೇ ಕೂತಿರಬಹುದು. ಯಾಕೆಂದರೆ ಫ್ರೆಂಡ್ಸ್ ಲಿಸ್ಟ್ ನಿಮ್ಮ ಕಂಪ್ಯೂಟರ್‌ನಲ್ಲಿ ಇಲ್ಲ. ಅದು ಸ್ಟೀಮ್ ನಡೆಸುವ ವಾಲ್ವ್ ಕಂಪನಿಯ ಸರ್ವರ್‌ನಲ್ಲಿ, ನಿಮ್ಮ ಅಕೌಂಟ್ ಜೊತೆ ಇದೆ. ನಿಮ್ಮ ಕಂಪ್ಯೂಟರ್ ಅದನ್ನು ತಂದು ತೋರಿಸುತ್ತದೆ, ಅಷ್ಟೇ.

ಹಾಗಾಗಿ ತೊಂದರೆ ನಾಲ್ಕು ಕಡೆ ಇರಬಹುದು. ವಾಲ್ವ್‌ನ ಸರ್ವರ್, ನಿಮ್ಮ ಇಂಟರ್ನೆಟ್, ನಿಮ್ಮ ಕಂಪ್ಯೂಟರ್, ಇಲ್ಲವೇ ಅಕೌಂಟ್. ಅಕೌಂಟ್ ಎಂದರೆ ನಿಮ್ಮದೂ ಆಗಬಹುದು, ನಿಮ್ಮ ಗೆಳೆಯರದೂ ಆಗಬಹುದು. ಇವುಗಳಲ್ಲಿ ಯಾವುದು ಎಂದು ಗೊತ್ತಾಗುವ ತನಕ ಯಾವ ಸೆಟ್ಟಿಂಗ್‌ಗೂ ಕೈ ಹಾಕಬೇಡಿ. ಹತ್ತು ಕಡೆ ಬದಲಾಯಿಸಿದರೆ ಕೊನೆಗೆ ಯಾವುದರಿಂದ ಸರಿಹೋಯಿತು, ಯಾವುದರಿಂದ ಕೆಟ್ಟಿತು ಎಂದೇ ತಿಳಿಯುವುದಿಲ್ಲ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಸ್ಟೀಮ್ ಇನ್ನೂ ಕನ್ನಡದಲ್ಲಿ ಬರುವುದಿಲ್ಲ. ಅದಕ್ಕೇ ಮೆನುಗಳ ಹೆಸರು ತೆರೆಯ ಮೇಲೆ ಇಂಗ್ಲಿಷ್‌ನಲ್ಲಿ ಹೇಗಿದೆಯೋ ಹಾಗೇ ಕನ್ನಡ ಅಕ್ಷರದಲ್ಲಿ ಬರೆದಿದ್ದೇನೆ.

ಮೊದಲು ಫೋನ್ ಕೈಗೆ ತೆಗೆದುಕೊಳ್ಳಿ

ಫೋನಿನ ವೈಫೈ ಆಫ್ ಮಾಡಿ. ಮೊಬೈಲ್ ಡೇಟಾ ಮಾತ್ರ ಆನ್ ಇರಲಿ. ಈಗ ಸ್ಟೀಮ್ ಚಾಟ್ ಆ್ಯಪ್ ತೆರೆಯಿರಿ. ಇದು 2019ರಲ್ಲಿ ಬಂದ ಬೇರೆಯೇ ಆ್ಯಪ್, ಲಾಗಿನ್ ಆಗುವಾಗ ಕೇಳುವ ಭದ್ರತೆಯ ‘ಸ್ಟೀಮ್ ಗಾರ್ಡ್’ ಕೋಡ್ ತೋರಿಸುವ ಆ್ಯಪ್ ಅಲ್ಲ. ಅದು ಬೇಡ ಎಂದರೆ ಫೋನಿನ ಬ್ರೌಸರ್‌ನಲ್ಲಿ ಸ್ಟೀಮ್ ಕಮ್ಯುನಿಟಿಗೆ ಲಾಗಿನ್ ಆಗಿ ನಿಮ್ಮ ಪ್ರೊಫೈಲ್‌ನ ‘ಫ್ರೆಂಡ್ಸ್’ ಪುಟ ನೋಡಿ.

ಫೋನ್‌ನಲ್ಲೂ ಲಿಸ್ಟ್ ಬರುತ್ತಿಲ್ಲವೇ? ಹಾಗಾದರೆ ತೊಂದರೆ ಸರ್ವರ್‌ನಲ್ಲಿ ಅಥವಾ ಅಕೌಂಟ್‌ನಲ್ಲಿ ಇದೆ. ಕಂಪ್ಯೂಟರನ್ನು ಸುಮ್ನೆ ಬಿಡಿ.

ಫೋನ್‌ನಲ್ಲಿ ಬಂತು, ಕಂಪ್ಯೂಟರ್‌ನಲ್ಲಿ ಇಲ್ಲ ಎಂದಾದರೆ ಇನ್ನೊಂದು ಹೆಜ್ಜೆ. ಫೋನಿನ ಹಾಟ್‌ಸ್ಪಾಟ್ ಆನ್ ಮಾಡಿ, ಕಂಪ್ಯೂಟರನ್ನು ಅದಕ್ಕೆ ಜೋಡಿಸಿ, ಸ್ಟೀಮ್ ಅನ್ನು ಪೂರ್ತಿ ಮುಚ್ಚಿ ಮತ್ತೆ ತೆರೆಯಿರಿ. ಗೇಮ್ ಅಪ್‌ಡೇಟ್‌ಗಳು ತಾವಾಗಿ ಶುರುವಾದರೆ ಸದ್ಯಕ್ಕೆ ನಿಲ್ಲಿಸಿಬಿಡಿ, ಇಲ್ಲದಿದ್ದರೆ ದಿನದ ಡೇಟಾ ಎಲ್ಲ ಅದಕ್ಕೇ ಹೋಗುತ್ತದೆ. ಹಾಟ್‌ಸ್ಪಾಟ್‌ನಲ್ಲಿ ಲಿಸ್ಟ್ ಬಂದರೆ ಮನೆಯ ಅಥವಾ ಹಾಸ್ಟೆಲ್‌ನ ನೆಟ್‌ವರ್ಕ್‌ನಲ್ಲಿ ತೊಂದರೆ. ಅಲ್ಲೂ ಬರದಿದ್ದರೆ ಕಂಪ್ಯೂಟರ್‌ನಲ್ಲೇ ಏನೋ ಆಗಿದೆ.

ಹೊಸ ಅಕೌಂಟ್ ಇರುವವರು ಇಲ್ಲಿ ಎಚ್ಚರ ವಹಿಸಬೇಕು. ಇನ್ನೂ ಹಣ ಖರ್ಚು ಮಾಡದ ‘ಲಿಮಿಟೆಡ್’ ಅಕೌಂಟ್‌ಗಳಿಗೆ ಬ್ರೌಸರ್ ಚಾಟ್ ಮತ್ತು ಮೊಬೈಲ್ ಚಾಟ್ ಎರಡೂ ಇಲ್ಲ. ಅಂಥವರು ಪ್ರೊಫೈಲ್‌ನ ಫ್ರೆಂಡ್ಸ್ ಪುಟವನ್ನೂ ಹಾಟ್‌ಸ್ಪಾಟ್ ಪರೀಕ್ಷೆಯನ್ನೂ ನಂಬಿದರೆ ಸಾಕು. ಲಿಮಿಟೆಡ್ ಅಕೌಂಟ್ ಬಗ್ಗೆ ಮುಂದೆ ವಿವರವಾಗಿ ಹೇಳುತ್ತೇನೆ, ಅಲ್ಲಿ ಹೇಳುವುದು ಜಾಸ್ತಿ ಇದೆ.

ಸರ್ವರ್‌ನದೇ ತೊಂದರೆಯಾದರೆ

ಲಿಸ್ಟ್ ತೆರೆದಾಗ ಹೆಸರುಗಳ ಜಾಗದಲ್ಲಿ ‘ಫ್ರೆಂಡ್ಸ್ ನೆಟ್‌ವರ್ಕ್ ಅನ್‌ರೀಚಬಲ್’ ಎಂದು ಬಂದರೆ ಗಾಬರಿ ಬೇಡ. ಚಾಟ್ ಸರ್ವರ್ ಜೊತೆ ಸಂಪರ್ಕ ಸಿಗುತ್ತಿಲ್ಲ ಎಂದಷ್ಟೇ ಇದರ ಅರ್ಥ. ನಿಮ್ಮ ಗೆಳೆಯರ ಪಟ್ಟಿ ಎಲ್ಲೂ ಹೋಗಿಲ್ಲ.

ವಾಲ್ವ್ ಇರುವುದು ಅಮೆರಿಕದ ವಾಷಿಂಗ್ಟನ್ ರಾಜ್ಯದ ಬೆಲ್‌ವ್ಯೂನಲ್ಲಿ. ಅವರು ವಾರಕ್ಕೊಮ್ಮೆ ಸರ್ವರ್ ದುರಸ್ತಿ ಮಾಡುವುದು ಮಂಗಳವಾರ, ಅವರ ಮಧ್ಯಾಹ್ನದ ಹೊತ್ತಿಗೆ. ನಮ್ಮಲ್ಲಿ ಆಗ ಬುಧವಾರ ಬೆಳಗಿನ ಜಾವ. ಆ ಹೊತ್ತಿನಲ್ಲಿ ಲಿಸ್ಟ್ ಕೆಲವು ನಿಮಿಷ ಮಾಯವಾಗುವುದು, ಎಲ್ಲರೂ ಒಟ್ಟಿಗೆ ಆಫ್‌ಲೈನ್ ಆಗಿ ಕಾಣುವುದು ಮಾಮೂಲು. ಕ್ಯಾಲಿಫೋರ್ನಿಯಾದಲ್ಲಿರುವ ಅಣ್ಣನ ಜೊತೆ ಆಡಲು ಬೆಂಗಳೂರಿನಲ್ಲಿ ನಸುಕಿಗೇ ಎದ್ದು ಕೂರುವವರಿಗೆ ಇದು ಆಗಾಗ ಎದುರಾಗುತ್ತದೆ. ಇದಕ್ಕೆ ಮದ್ದು ಕಾಯುವುದೇ. ಹಬ್ಬದ ಸೇಲ್ ಶುರುವಾಗುವ ಗಳಿಗೆಯಲ್ಲೂ ಹೀಗೆ ಆಗುವುದುಂಟು.

ಸರ್ವರ್ ಸ್ಥಿತಿ ನೋಡಲು ಸ್ಟೀಮ್‌ಸ್ಟ್ಯಾಟ್ ಡಾಟ್ ಯುಎಸ್ ಎಂಬ ತಾಣವಿದೆ. ವಾಲ್ವ್‌ನದಲ್ಲ, ಆದರೂ ಸ್ಟೋರ್, ಕಮ್ಯುನಿಟಿ ಇತ್ಯಾದಿ ನಡೆಯುತ್ತಿವೆಯೇ ಎಂದು ಬೇರೆ ಬೇರೆಯಾಗಿ ತೋರಿಸುತ್ತದೆ. ಅಲ್ಲಿ ಕೆಂಪು ಕಂಡರೆ ಕಾಫಿ ಮಾಡಿಕೊಂಡು ಬನ್ನಿ. ಸೆಟ್ಟಿಂಗ್ ಬದಲಿಸಬೇಡಿ.

‘ಆಫ್‌ಲೈನ್’ ಅನ್ನುವುದು ಒಂದಲ್ಲ, ಮೂರು

ಇಲ್ಲಿ ಗೊಂದಲ ಮಾಡಿಕೊಳ್ಳುವವರೇ ಜಾಸ್ತಿ. ಸ್ಟೀಮ್‌ನಲ್ಲಿ ಆಫ್‌ಲೈನ್ ಆಗಲು ಮೂರು ದಾರಿಗಳಿವೆ. ಮೂರರ ಪರಿಣಾಮವೂ ಬೇರೆ.

ಮೊದಲನೆಯದು ಇಡೀ ಸ್ಟೀಮ್ ಆಫ್‌ಲೈನ್ ಮೋಡ್‌ನಲ್ಲಿರುವುದು. ಮೇಲೆ ಎಡಗಡೆ ‘ಸ್ಟೀಮ್’ ಮೆನು ಒತ್ತಿದರೆ ‘ಗೋ ಆನ್‌ಲೈನ್’ ಎಂದು ಕಾಣುತ್ತದೆಯೇ ನೋಡಿ. ಕಂಡರೆ ನೀವು ಆಫ್‌ಲೈನ್ ಮೋಡ್‌ನಲ್ಲಿದ್ದೀರಿ. ಅದನ್ನು ಒತ್ತಿ ಆನ್‌ಲೈನ್ ಆಗಿ. ಕರೆಂಟ್ ಹೋಗಿ ಬಂದು, ರೌಟರ್ ಇನ್ನೂ ಎದ್ದಿರದಿದ್ದಾಗ ಅವಸರದಲ್ಲಿ ಆಫ್‌ಲೈನ್ ಮೋಡ್ ಒತ್ತಿ ಮರೆತುಬಿಟ್ಟವರು ಬಹಳ.

ಎರಡನೆಯದು ಸ್ಟೀಮ್ ಆನ್‌ಲೈನ್ ಇದ್ದು, ಚಾಟ್ ಮಾತ್ರ ಆಫ್‌ಲೈನ್ ಇರುವುದು. ಗೇಮ್ ಇಳಿಯುತ್ತದೆ, ಸ್ಟೋರ್ ತೆರೆಯುತ್ತದೆ, ಲಿಸ್ಟ್ ಮಾತ್ರ ಖಾಲಿ. ಫ್ರೆಂಡ್ಸ್ ಲಿಸ್ಟ್‌ನ ತುದಿಯಲ್ಲಿ ನಿಮ್ಮ ಹೆಸರಿದೆ, ಅದರ ಪಕ್ಕ ಸಣ್ಣ ಬಾಣದ ಗುರುತಿದೆ. ಅದನ್ನು ಒತ್ತಿ. ‘ಆನ್‌ಲೈನ್’, ‘ಅವೇ’, ‘ಇನ್‌ವಿಸಿಬಲ್’, ‘ಆಫ್‌ಲೈನ್’ ಎಂಬ ಆಯ್ಕೆಗಳು ಬರುತ್ತವೆ. ‘ಆನ್‌ಲೈನ್’ ಆರಿಸಿ.

ಪ್ರತಿ ಸಲ ಸ್ಟೀಮ್ ತೆರೆದಾಗಲೂ ಇದೇ ಕಥೆಯಾದರೆ ಕಾರಣ ಒಂದು ಸೆಟ್ಟಿಂಗ್. ‘ಸೆಟ್ಟಿಂಗ್ಸ್’ ಒಳಗೆ ‘ಫ್ರೆಂಡ್ಸ್ ಅಂಡ್ ಚಾಟ್’ಗೆ ಹೋಗಿ. ಸ್ಟೀಮ್ ಶುರುವಾದಾಗ ಫ್ರೆಂಡ್ಸ್‌ಗೆ ಸೈನ್ ಇನ್ ಆಗಬೇಕೇ ಎಂದು ಕೇಳುವ ಸಾಲು ಅಲ್ಲಿದೆ. ಅದನ್ನು ಆನ್ ಮಾಡಿ. ಈ ಒಂದು ಗುಂಡಿಯಿಂದಲೇ ‘ನನ್ನ ಗೆಳೆಯರೆಲ್ಲ ಮಾಯ’ ಎಂಬ ದೂರುಗಳಲ್ಲಿ ಒಳ್ಳೇ ಪಾಲು ಮುಗಿಯುತ್ತದೆ.

ಮೂರನೆಯದು ‘ಇನ್‌ವಿಸಿಬಲ್’. ಇದರಲ್ಲಿ ನಿಮಗೆ ಎಲ್ಲರೂ ಕಾಣುತ್ತಾರೆ, ಮೆಸೇಜ್ ಕೂಡ ಕಳಿಸಬಹುದು. ಅವರಿಗೆ ಮಾತ್ರ ನೀವು ಆಫ್‌ಲೈನ್. ‘ನೀನು ಯಾವಾಗಲೂ ಆಫ್‌ಲೈನ್ ತೋರಿಸ್ತೀಯಲ್ಲ’ ಎಂದು ಗೆಳೆಯ ದೂರಿದರೆ ಮೊದಲು ಇದನ್ನು ನೋಡಿ.

ಇದರ ಜೊತೆಗೆ ಇನ್ನೊಂದಿದೆ. ನೀವು ಆನ್‌ಲೈನ್ ಕಾಣುತ್ತೀರಿ, ಆದರೆ ಯಾವ ಗೇಮ್ ಆಡುತ್ತಿದ್ದೀರಿ ಎಂದು ಯಾರಿಗೂ ಕಾಣುವುದಿಲ್ಲ. ಇದು ಪ್ರೈವಸಿ ಸೆಟ್ಟಿಂಗ್. ಪ್ರೊಫೈಲ್‌ಗೆ ಹೋಗಿ ‘ಎಡಿಟ್ ಪ್ರೊಫೈಲ್’, ಅಲ್ಲಿಂದ ‘ಪ್ರೈವಸಿ ಸೆಟ್ಟಿಂಗ್ಸ್’. ‘ಗೇಮ್ ಡೀಟೇಲ್ಸ್’ ಎಂಬ ಸಾಲು ‘ಪ್ರೈವೇಟ್’ ಆಗಿದ್ದರೆ ನೀವು ಗೇಮ್‌ನಲ್ಲಿದ್ದೀರಿ ಎಂಬುದೇ ಬೇರೆಯವರಿಗೆ ತೋರುವುದಿಲ್ಲ. ‘ಫ್ರೆಂಡ್ಸ್ ಓನ್ಲಿ’ ಮಾಡಿದರೆ ಗೆಳೆಯರಿಗೆ ಮಾತ್ರ ಕಾಣುತ್ತದೆ, ಅದು ಒಳ್ಳೆಯ ನಡುದಾರಿ. 2024ರಿಂದ ಒಂದೊಂದೇ ಗೇಮನ್ನು ಪ್ರೈವೇಟ್ ಎಂದು ಗುರುತು ಮಾಡುವ ಸೌಲಭ್ಯವೂ ಬಂದಿದೆ. ಒಂದೇ ಒಂದು ಗೇಮ್ ಮಾತ್ರ ಕಾಣುತ್ತಿಲ್ಲ ಎಂದರೆ ಲೈಬ್ರರಿಯಲ್ಲಿ ಆ ಗೇಮ್ ಮೇಲೆ ರೈಟ್ ಕ್ಲಿಕ್ ಮಾಡಿ ಈ ಗುರುತು ಇದೆಯೇ ನೋಡಿ.

ಒಬ್ಬಿಬ್ಬರು ಮಾತ್ರ ಕಾಣೆಯಾದಾಗ

ಲಿಸ್ಟ್ ಸರಿಯಾಗಿದೆ, ಆದರೆ ಒಬ್ಬ ಗೆಳೆಯ ಇಲ್ಲ. ಮೊದಲು ಕೇಳಬೇಕಾದ ಪ್ರಶ್ನೆ: ಅವನು ಹೆಸರು ಬದಲಾಯಿಸಿದ್ದಾನಾ? ಸ್ಟೀಮ್‌ನಲ್ಲಿ ಪ್ರೊಫೈಲ್ ಹೆಸರು ಎಷ್ಟು ಸಲ ಬೇಕಾದರೂ ಬದಲಾಯಿಸಬಹುದು. ನಿನ್ನೆ ‘ಹುಲಿ’ ಇದ್ದವನು ಇವತ್ತು ಚೈನೀಸ್ ಅಕ್ಷರದ ಹೆಸರಿಟ್ಟುಕೊಂಡು, ಫೋಟೋ ಕೂಡ ಬದಲಿಸಿಕೊಂಡಿರುತ್ತಾನೆ. ಅನುಮಾನ ಬಂದ ಪ್ರೊಫೈಲ್ ತೆರೆದು, ಹೆಸರಿನ ಪಕ್ಕದ ಬಾಣ ಒತ್ತಿದರೆ ಹಳೆಯ ಹೆಸರುಗಳು ಕಾಣುತ್ತವೆ. ಸಿಕ್ಕಿದ ಕೂಡಲೇ ಆ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ ‘ನಿಕ್‌ನೇಮ್’ ಸೇರಿಸಿಬಿಡಿ. ಮುಂದೆ ಅವರು ಏನೇ ಹೆಸರಿಟ್ಟುಕೊಳ್ಳಲಿ, ನಿಮಗೆ ಗೊತ್ತಿರುವ ಹೆಸರು ಜೊತೆಗೇ ಕಾಣುತ್ತದೆ. ಲಿಸ್ಟ್‌ನಲ್ಲಿ ಹತ್ತಾರು ಜನ ಇರುವವರು ಈ ಕೆಲಸ ಇವತ್ತೇ ಮಾಡಿಟ್ಟುಕೊಳ್ಳಿ ಎಂದು ನಾನು ಒತ್ತಿ ಹೇಳುತ್ತೇನೆ. ಹೆಸರನ್ನು ಕನ್ನಡದಲ್ಲೇ ಇಡಬಹುದು, ಸ್ಟೀಮ್ ಕನ್ನಡ ಅಕ್ಷರ ತೋರಿಸುತ್ತದೆ.

ಎರಡನೆಯದು ಗುಂಪುಗಳ ಆಟ. ಲಿಸ್ಟ್‌ನಲ್ಲಿ ಆನ್‌ಲೈನ್, ಆಫ್‌ಲೈನ್, ನೀವು ಮಾಡಿದ ಕ್ಯಾಟಗರಿಗಳು ಎಲ್ಲವೂ ಮಡಚಿಡಬಹುದಾದ ಗುಂಪುಗಳು. ತಲೆಬರಹದ ಮೇಲೆ ಅಕಸ್ಮಾತ್ ಕ್ಲಿಕ್ ಆದರೆ ಆ ಗುಂಪಿನವರೆಲ್ಲ ಒಳಗೆ ಸೇರಿಕೊಳ್ಳುತ್ತಾರೆ. ಜೊತೆಗೆ ಲಿಸ್ಟ್‌ನ ಗೇರ್ ಗುರುತಿನ ಒಳಗೆ, ಕ್ಯಾಟಗರಿಯಲ್ಲಿರುವ ಆಫ್‌ಲೈನ್ ಗೆಳೆಯರನ್ನು ಮರೆಮಾಡುವ ಆಯ್ಕೆ ಇದೆ. ಅದು ಆನ್ ಇದ್ದರೆ ‘ಕಾಲೇಜ್’ ಎಂಬ ಕ್ಯಾಟಗರಿಯಲ್ಲಿ ಹಾಕಿದ ಗೆಳೆಯ ಆಫ್‌ಲೈನ್ ಹೋದ ಕೂಡಲೇ ಅಲ್ಲಿಂದ ಮಾಯ. ಗೇಮ್‌ಗೆ ತಕ್ಕಂತೆ ಗುಂಪು ಮಾಡುವ ಆಯ್ಕೆಯೂ ಅಲ್ಲೇ ಇದೆ. ಅದು ಆನ್ ಇದ್ದರೆ ಆಡುತ್ತಿರುವವರು ಗೇಮ್‌ನ ಹೆಸರಿನ ಕೆಳಗೆ ಸೇರಿಕೊಳ್ಳುತ್ತಾರೆ. ಹುಡುಕುವ ಕಷ್ಟ ಯಾಕೆ, ಲಿಸ್ಟ್‌ನ ಮೇಲಿನ ಹುಡುಕುವ ಪೆಟ್ಟಿಗೆಯಲ್ಲಿ ಹೆಸರಿನ ಎರಡಕ್ಷರ ಹಾಕಿ ನೋಡಿ.

ಅಲ್ಲೂ ಸಿಗದಿದ್ದರೆ ಬ್ರೌಸರ್‌ನಲ್ಲಿ ನಿಮ್ಮ ಪ್ರೊಫೈಲ್‌ನ ಫ್ರೆಂಡ್ಸ್ ಪುಟ ತೆರೆದು ‘ಬ್ಲಾಕ್ಡ್’ ಪಟ್ಟಿ ನೋಡಿ. ಗೇಮ್‌ನ ಬಿಸಿಯಲ್ಲಿ ಸಿಟ್ಟಿಗೆ ಬ್ಲಾಕ್ ಮಾಡಿ ಮರೆತಿರಬಹುದು. ಅಲ್ಲಿಂದ ತೆಗೆದ ಮೇಲೆ ಬೇಕಿದ್ದರೆ ಮತ್ತೆ ರಿಕ್ವೆಸ್ಟ್ ಕಳಿಸಬೇಕು.

ಇನ್ನು, ಅವರೇ ನಿಮ್ಮನ್ನು ತೆಗೆದಿದ್ದರೆ ಸ್ಟೀಮ್ ನಿಮಗೆ ತಿಳಿಸುವುದಿಲ್ಲ. ಅವರ ಪ್ರೊಫೈಲ್‌ನಲ್ಲಿ ಮತ್ತೆ ‘ಆ್ಯಡ್ ಫ್ರೆಂಡ್’ ಗುಂಡಿ ಕಂಡರೆ ವಿಷಯ ಅರ್ಥಮಾಡಿಕೊಳ್ಳಿ. ಎದುರಿಗೆ ಸಿಕ್ಕಾಗ ಕೇಳಿ. ಇದಕ್ಕೆ ಯಾವ ಸೆಟ್ಟಿಂಗೂ ಇಲ್ಲ.

ಹೊಸಬರನ್ನು ಸೇರಿಸಲು ಆಗುತ್ತಿಲ್ಲವೇ?

ತಮ್ಮನಿಗೆ ಹೊಸದಾಗಿ ಅಕೌಂಟ್ ಮಾಡಿಕೊಟ್ಟಿದ್ದೀರಿ. ಅವನು ಉಚಿತ ಗೇಮ್ ಒಂದನ್ನು ಇಳಿಸಿಕೊಂಡಿದ್ದಾನೆ. ನಿಮಗೆ ರಿಕ್ವೆಸ್ಟ್ ಕಳಿಸಲು ಹೋದರೆ ಆಗುವುದೇ ಇಲ್ಲ. ಕಾರಣ ಅವನದು ಲಿಮಿಟೆಡ್ ಅಕೌಂಟ್. ಸ್ಟೀಮ್‌ನಲ್ಲಿ ಕನಿಷ್ಠ 5 ಡಾಲರ್, ಅಂದರೆ ಅದಕ್ಕೆ ಸಮನಾದ ರೂಪಾಯಿ, ಖರ್ಚು ಮಾಡುವ ತನಕ ಅಕೌಂಟ್ ಹೀಗೇ ಇರುತ್ತದೆ. ನಕಲಿ ಅಕೌಂಟ್ ಸಾವಿರಗಟ್ಟಲೆ ತೆರೆದು ಎಲ್ಲರಿಗೂ ರಿಕ್ವೆಸ್ಟ್ ಕಳಿಸಿ ಮೋಸ ಮಾಡುವವರನ್ನು ತಡೆಯಲು ಇಟ್ಟ ನಿಯಮ ಇದು. ಹುಡುಗರಿಗೆ ಬೇಜಾರಾಗುತ್ತದೆ ನಿಜ, ಆದರೆ ಈ ಬೇಲಿ ಇಲ್ಲದಿದ್ದರೆ ಎಲ್ಲರ ಲಿಸ್ಟೂ ಕಸದಿಂದ ತುಂಬಿರುತ್ತಿತ್ತು.

ಇಲ್ಲಿ ಹಣ ಖರ್ಚು ಮಾಡದೇ ಆಗುವ ದಾರಿಯೊಂದಿದೆ. ಲಿಮಿಟೆಡ್ ಅಕೌಂಟ್‌ನವರು ರಿಕ್ವೆಸ್ಟ್ ಕಳಿಸುವಂತಿಲ್ಲ, ಆದರೆ ಬಂದದ್ದನ್ನು ಒಪ್ಪಿಕೊಳ್ಳಬಹುದು. ಹಾಗಾಗಿ ಪೂರ್ತಿ ಅಕೌಂಟ್ ಇರುವ ನೀವೇ ಅವನಿಗೆ ಕಳಿಸಿ. ಇಬ್ಬರದೂ ಲಿಮಿಟೆಡ್ ಆದರೆ ಒಬ್ಬರಾದರೂ ಹಣ ಹಾಕಲೇಬೇಕು.

ಹಣ ಹಾಕುವುದಾದರೆ ಯಾವುದು ಲೆಕ್ಕಕ್ಕೆ ಬರುತ್ತದೆ ಎಂದು ತಿಳಿದುಕೊಂಡು ಹಾಕಿ. ಸ್ಟೀಮ್ ವಾಲೆಟ್‌ಗೆ ಆ ಮೊತ್ತ ತುಂಬಿದರೆ ಬರುತ್ತದೆ. ಸ್ಟೀಮ್ ಸ್ಟೋರ್‌ನಲ್ಲೇ ಅಷ್ಟು ಬೆಲೆಯ ಗೇಮ್ ಕೊಂಡರೆ ಬರುತ್ತದೆ. ನೀವು ಬೇರೆಯವರಿಗೆ ಉಡುಗೊರೆ ಕೊಂಡರೂ ಬರುತ್ತದೆ. ಉಡುಗೊರೆ ಪಡೆದವರಿಗೆ ಬರುವುದಿಲ್ಲ. ಬೇರೆ ಅಂಗಡಿಯಲ್ಲಿ ಅಗ್ಗಕ್ಕೆ ಕೊಂಡ ಗೇಮ್ ಕೀ, ಅಂದರೆ ಗೇಮ್ ಪಡೆಯುವ ಕೋಡ್, ಹಾಕಿದರೂ ಬರುವುದಿಲ್ಲ. ಹಲವರು ಎಡವುವುದು ಇಲ್ಲಿ. ಸಾವಿರ ರೂಪಾಯಿಯ ಕೀ ಹಾಕಿದ್ದೇನೆ, ಆದರೂ ಲಿಮಿಟೆಡ್ ಅಂತಿದೆ ಎಂದು ತಲೆಕೆಡಿಸಿಕೊಳ್ಳುತ್ತಾರೆ. ಇನ್ನೊಂದು ವಿಷಯ, ಡಾಲರ್ ದರ ಏರಿಳಿಯುತ್ತದೆ, ಆದ್ದರಿಂದ ಲೆಕ್ಕಕ್ಕೆ ಸರಿಯಾಗಿ ಅಂಚಿನಲ್ಲಿ ನಿಲ್ಲುವ ಬದಲು ಸ್ವಲ್ಪ ಜಾಸ್ತಿಯೇ ಹಾಕಿ.

ಪೂರ್ತಿ ಅಕೌಂಟ್ ಇದ್ದೂ ಗೆಳೆಯ ಸಿಗುತ್ತಿಲ್ಲ ಎಂದರೆ ಹುಡುಕುವ ಬಗೆ ತಪ್ಪಿರಬಹುದು. ಹೆಸರು ಹಾಕಿ ಹುಡುಕಿದರೆ ಅದೇ ಹೆಸರಿನ ನೂರಾರು ಜನ ಬರುತ್ತಾರೆ. ‘ಬಾಸ್’ ಎಂದು ಹುಡುಕಿ ನಿಮ್ಮ ಗೆಳೆಯನನ್ನು ಪತ್ತೆ ಮಾಡುವುದು ಆಗದ ಮಾತು. ಫ್ರೆಂಡ್ ಕೋಡ್ ಬಳಸಿ. ಲಿಸ್ಟ್‌ನ ಮೇಲ್ಭಾಗದಲ್ಲಿ ಮನುಷ್ಯನ ಆಕಾರದ ಪಕ್ಕ ಕೂಡಿಸು ಗುರುತು ಇರುವ ಗುಂಡಿ ಒತ್ತಿದರೆ ‘ಆ್ಯಡ್ ಎ ಫ್ರೆಂಡ್’ ಪುಟ ತೆರೆಯುತ್ತದೆ. ನಿಮ್ಮ ಕೋಡ್ ಅಲ್ಲೇ ದೊಡ್ಡದಾಗಿ ಇರುತ್ತದೆ. ಅದು ಬರೀ ಅಂಕಿಗಳು. ಗೆಳೆಯ ತನ್ನ ಕೋಡನ್ನು ವಾಟ್ಸಾಪ್‌ನಲ್ಲಿ ಕಳಿಸಲಿ, ನೀವು ಅದನ್ನು ಕಾಪಿ ಮಾಡಿ ಕೆಳಗಿನ ಪೆಟ್ಟಿಗೆಗೆ ಹಾಕಿ. ಸರಿಯಾದ ಒಬ್ಬರೇ ಬರುತ್ತಾರೆ. ಪ್ರೊಫೈಲ್ ವಿಳಾಸದ ಕೊನೆಯಲ್ಲಿ ಕಾಣುವ, 7656119 ಎಂದು ಶುರುವಾಗುವ 17 ಅಂಕಿಯ ಉದ್ದದ ಸಂಖ್ಯೆ ಫ್ರೆಂಡ್ ಕೋಡ್ ಅಲ್ಲ, ಅದು ಸ್ಟೀಮ್ ಐಡಿ. ಎರಡನ್ನೂ ಕಲಸಿಕೊಳ್ಳಬೇಡಿ. ಲಾಗಿನ್ ಆಗುವ ಅಕೌಂಟ್ ಹೆಸರನ್ನಂತೂ ಯಾರಿಗೂ ಕೊಡುವ ಅಗತ್ಯವೇ ಇಲ್ಲ.

ಅದೇ ಪುಟದಲ್ಲಿ ‘ಕ್ವಿಕ್ ಇನ್ವೈಟ್’ ಲಿಂಕ್ ಕೂಡ ಸಿಗುತ್ತದೆ. ಒಂದು ಲಿಂಕ್ ಒಬ್ಬರಿಗೆ ಒಂದೇ ಸಲ, ಅದೂ 30 ದಿನದ ತನಕ ಮಾತ್ರ. ಒಂದೇ ಲಿಂಕನ್ನು ಗ್ರೂಪ್‌ನಲ್ಲಿ ಹಾಕಿ ‘ಎಲ್ಲರೂ ಆ್ಯಡ್ ಆಗಿ’ ಎಂದರೆ ಮೊದಲು ಒತ್ತಿದವರು ಸೇರುತ್ತಾರೆ, ಉಳಿದವರಿಗೆ ಲಿಂಕ್ ಸತ್ತಿರುತ್ತದೆ.

ಲಿಸ್ಟ್‌ಗೂ ಮಿತಿ ಇದೆ. ಶುರುವಿಗೆ 250 ಗೆಳೆಯರು. ಸ್ಟೀಮ್ ಲೆವೆಲ್ ಒಂದೊಂದು ಏರಿದಂತೆ 5 ಜಾಗ ಜಾಸ್ತಿಯಾಗುತ್ತದೆ. ಅಂದರೆ ಲೆವೆಲ್ 10 ಇದ್ದರೆ 300. ನಿಮ್ಮ ಲಿಸ್ಟ್‌ನಲ್ಲಿ ಜಾಗ ಇದ್ದರೂ ಎದುರಿನವರದು ತುಂಬಿದ್ದರೆ ಸೇರಿಸಲು ಆಗುವುದಿಲ್ಲ. ವರ್ಷಗಟ್ಟಲೆ ಲಾಗಿನ್ ಆಗದವರನ್ನು ತೆಗೆದರೆ ಜಾಗವಾಗುತ್ತದೆ. ಕಳಿಸಿದ ರಿಕ್ವೆಸ್ಟ್ ಎಲ್ಲಿ ಹೋಯಿತು ಎಂದು ನೋಡಲು ಫ್ರೆಂಡ್ಸ್ ಪುಟದ ‘ಪೆಂಡಿಂಗ್ ಇನ್ವೈಟ್ಸ್’ ತೆರೆಯಿರಿ. ಬಂದದ್ದೂ ಕಳಿಸಿದ್ದೂ ಅಲ್ಲಿವೆ. ಹಳೆಯದನ್ನು ರದ್ದು ಮಾಡಿ ಹೊಸದಾಗಿ ಕಳಿಸಿದರೆ ಕೆಲವು ಸಲ ಕೆಲಸ ಆಗುತ್ತದೆ.

ಮಕ್ಕಳ ಅಕೌಂಟ್ ಆಗಿದ್ದರೆ ಇನ್ನೊಂದು ಬಾಗಿಲು ಇದೆ. ‘ಸ್ಟೀಮ್ ಫ್ಯಾಮಿಲೀಸ್’ ಒಳಗೆ ಅಪ್ಪ ಅಮ್ಮ ಚಾಟ್ ಮತ್ತು ಕಮ್ಯುನಿಟಿಯನ್ನು ನಿಲ್ಲಿಸಿರಬಹುದು. ಹಳೆಯ ‘ಫ್ಯಾಮಿಲಿ ವ್ಯೂ’ ಇದ್ದರೆ ಪಿನ್ ಹಾಕುವ ತನಕ ಲಿಸ್ಟ್ ತೆರೆಯದಿರಬಹುದು. ಇದನ್ನು ದೊಡ್ಡವರ ಜೊತೆ ಮಾತಾಡಿಯೇ ಬಿಡಿಸಿಕೊಳ್ಳಬೇಕು.

ಕಿಟಕಿ ತೆರೆಯುತ್ತದೆ, ಒಳಗೆ ಬರೀ ಕಪ್ಪು

ಇದು ನಿಮ್ಮ ಕಂಪ್ಯೂಟರ್‌ನ ತೊಂದರೆ. 2018ರ ಜುಲೈನಲ್ಲಿ ಸ್ಟೀಮ್ ತನ್ನ ಚಾಟ್ ಅನ್ನು ಹೊಸದಾಗಿ ಕಟ್ಟಿತು. ಅಂದಿನಿಂದ ಫ್ರೆಂಡ್ಸ್ ಲಿಸ್ಟ್ ನಿಜಕ್ಕೂ ಒಂದು ವೆಬ್ ಪುಟ. ಸ್ಟೀಮ್ ಒಳಗೇ ಇರುವ ಕ್ರೋಮಿಯಂ ಬ್ರೌಸರ್ ಅದನ್ನು ತೋರಿಸುತ್ತದೆ. ಟಾಸ್ಕ್ ಮ್ಯಾನೇಜರ್ ತೆರೆದರೆ ‘ಸ್ಟೀಮ್ ವೆಬ್‌ಹೆಲ್ಪರ್’ ಎಂಬ ಹೆಸರಿನಲ್ಲಿ ಸಾಲುಸಾಲಾಗಿ ಕಾಣುವುದು ಅದೇ. ಈ ವೆಬ್‌ಹೆಲ್ಪರ್ ಸಿಕ್ಕಿಕೊಂಡರೆ ಲಿಸ್ಟ್ ಕಪ್ಪಾಗಿ ಅಥವಾ ಬೆಳ್ಳಗೆ ಖಾಲಿಯಾಗಿ ಕಾಣುತ್ತದೆ.

ಈ ಕ್ರಮದಲ್ಲೇ ಮಾಡಿ. ಒಂದೊಂದು ಆದ ಮೇಲೂ ಲಿಸ್ಟ್ ತೆರೆದು ನೋಡಿ, ಬಂದರೆ ಅಲ್ಲಿಗೇ ನಿಲ್ಲಿಸಿ.

1. ಸ್ಟೀಮ್ ಅನ್ನು ಪೂರ್ತಿ ಮುಚ್ಚಿ. ಮೂಲೆಯ ಎಕ್ಸ್ (X) ಗುರುತು ಒತ್ತಿದರೆ ಅದು ಮುಚ್ಚುವುದಿಲ್ಲ, ಗಡಿಯಾರದ ಪಕ್ಕ ಹೋಗಿ ಕೂರುತ್ತದೆ. ‘ಸ್ಟೀಮ್’ ಮೆನುವಿನಿಂದ ‘ಎಕ್ಸಿಟ್’ ಒತ್ತಿ. ಆಮೇಲೆ ಟಾಸ್ಕ್ ಮ್ಯಾನೇಜರ್‌ನಲ್ಲಿ ವೆಬ್‌ಹೆಲ್ಪರ್ ಉಳಿದಿದ್ದರೆ ಅದನ್ನೂ ‘ಎಂಡ್ ಟಾಸ್ಕ್’ ಮಾಡಿ. ಮತ್ತೆ ತೆರೆಯಿರಿ.

2. ‘ಸೆಟ್ಟಿಂಗ್ಸ್’ನಲ್ಲಿ ‘ಇಂಟರ್‌ಫೇಸ್’ಗೆ ಹೋಗಿ. ವೆಬ್ ಪುಟ ತೋರಿಸಲು ಜಿಪಿಯು (ಗ್ರಾಫಿಕ್ಸ್ ಚಿಪ್) ಬಳಸುವ ಆಯ್ಕೆ ಇದೆ. ಅದನ್ನು ಆಫ್ ಮಾಡಿ ಸ್ಟೀಮ್ ರೀಸ್ಟಾರ್ಟ್ ಮಾಡಿ. ಹಳೆಯ ಗ್ರಾಫಿಕ್ಸ್ ಕಾರ್ಡ್ ಇರುವವರಿಗೆ, ಎರಡು ಗ್ರಾಫಿಕ್ಸ್ ಇರುವ ಲ್ಯಾಪ್‌ಟಾಪ್‌ನವರಿಗೆ ಹೆಚ್ಚಾಗಿ ಇಲ್ಲೇ ಪರಿಹಾರ ಸಿಗುತ್ತದೆ. ಸರಿಹೋದರೆ ಸಮಯ ಸಿಕ್ಕಾಗ ಗ್ರಾಫಿಕ್ಸ್ ಡ್ರೈವರ್ ಅಪ್‌ಡೇಟ್ ಮಾಡಿ, ಆಮೇಲೆ ಮತ್ತೆ ಆನ್ ಮಾಡಬಹುದು.

3. ಅದೇ ‘ಇಂಟರ್‌ಫೇಸ್’ ಪುಟದಲ್ಲಿ ‘ಕ್ಲೈಂಟ್ ಬೀಟಾ’ ಸಾಲು ನೋಡಿ. ಬೀಟಾ, ಅಂದರೆ ಇನ್ನೂ ಪರೀಕ್ಷೆಯಲ್ಲಿರುವ ಆವೃತ್ತಿ, ಆರಿಸಿದ್ದರೆ ಅದರಿಂದ ಹೊರಗೆ ಬನ್ನಿ. ನೀವು ಬೀಟಾದಲ್ಲಿ ಇಲ್ಲದಿದ್ದರೆ ಮುಂದೆ ಹೋಗಿ.

4. ‘ಸೆಟ್ಟಿಂಗ್ಸ್’ನ ‘ಇನ್ ಗೇಮ್’ ಭಾಗದಲ್ಲಿ ವೆಬ್ ಬ್ರೌಸರ್ ಡೇಟಾ ಅಳಿಸುವ ಗುಂಡಿ ಇದೆ. ಅದನ್ನು ಒತ್ತಿ.

5. ‘ಡೌನ್‌ಲೋಡ್ಸ್’ ಭಾಗದಲ್ಲಿ ‘ಕ್ಲಿಯರ್ ಕ್ಯಾಶ್’ ಒತ್ತಿ. ಇದರಿಂದ ಗೇಮ್‌ಗಳು ಅಳಿಯುವುದಿಲ್ಲ, ಆದರೆ ಸ್ಟೀಮ್ ನಿಮ್ಮನ್ನು ಲಾಗೌಟ್ ಮಾಡುತ್ತದೆ. ಪಾಸ್‌ವರ್ಡ್ ನೆನಪಿದೆಯೇ, ಸ್ಟೀಮ್ ಗಾರ್ಡ್ ಇರುವ ಫೋನ್ ಹತ್ತಿರ ಇದೆಯೇ ಎಂದು ನೋಡಿಕೊಂಡೇ ಒತ್ತಿ.

ವಿಂಡೋಸ್ 7 ಅಥವಾ 8 ಇನ್ನೂ ಇಟ್ಟುಕೊಂಡವರಿಗೆ ಈ ಯಾವುದೂ ಗಟ್ಟಿ ಪರಿಹಾರ ಕೊಡುವುದಿಲ್ಲ. 2024ರ ಜನವರಿ 1ರಿಂದ ಸ್ಟೀಮ್ ಆ ವಿಂಡೋಸ್‌ಗಳಿಗೆ ಬೆಂಬಲ ನಿಲ್ಲಿಸಿದೆ. ಒಳಗಿರುವ ಕ್ರೋಮಿಯಂ ಬ್ರೌಸರ್‌ನ ಹೊಸ ಆವೃತ್ತಿಗಳು ಅವುಗಳಲ್ಲಿ ನಡೆಯುವುದಿಲ್ಲ ಎಂಬುದೇ ಕಾರಣ. ವಿಂಡೋಸ್ ಬದಲಿಸದೇ ಗತಿಯಿಲ್ಲ.

ನೆಟ್‌ವರ್ಕ್ ತೊಂದರೆ: ಗಡಿಯಾರದಿಂದ ಶುರು ಮಾಡಿ

ಟಾಸ್ಕ್‌ಬಾರ್‌ನ ಮೂಲೆಯಲ್ಲಿ ತಾರೀಖು, ವರ್ಷ ಸರಿಯಾಗಿದೆಯೇ ನೋಡಿ. ಹಾಸನದಲ್ಲಿರುವ ನನ್ನ ಅಕ್ಕನ ಮಗನ ಹಳೆಯ ಪಿಸಿಯಲ್ಲಿ ಪ್ರತಿದಿನ ಬೆಳಿಗ್ಗೆ ಫ್ರೆಂಡ್ಸ್ ಲಿಸ್ಟ್ ಬರುತ್ತಿರಲಿಲ್ಲ. ಅವನು ರೌಟರನ್ನೇ ಬೈಯುತ್ತಿದ್ದ. ಹೋಗಿ ನೋಡಿದರೆ ಕಂಪ್ಯೂಟರ್‌ನ ವರ್ಷ ಹಲವು ವರ್ಷ ಹಿಂದಕ್ಕೆ ಓಡಿತ್ತು. ಮದರ್‌ಬೋರ್ಡ್ ಮೇಲಿನ ಬಿಲ್ಲೆಯಂಥ ಬ್ಯಾಟರಿ, ಸಿಆರ್ 2032, ಸತ್ತುಹೋಗಿತ್ತು. ರಾತ್ರಿ ಮೇನ್ ಸ್ವಿಚ್ ಆಫ್ ಮಾಡಿದ ಕೂಡಲೇ ಗಡಿಯಾರ ನಿಂತುಹೋಗುತ್ತಿತ್ತು. ತಾರೀಖು ತಪ್ಪಿದ್ದರೆ ಸರ್ವರ್‌ನ ಭದ್ರತಾ ಪ್ರಮಾಣಪತ್ರ ನಿಮ್ಮ ಕಂಪ್ಯೂಟರ್‌ಗೆ ಸುಳ್ಳು ಎಂದು ತೋರುತ್ತದೆ, ಸಂಪರ್ಕವನ್ನೇ ಅದು ಕತ್ತರಿಸುತ್ತದೆ. ವಾಚ್ ರಿಪೇರಿ ಅಂಗಡಿಯಲ್ಲೂ ಸಿಗುವ ಆ ಬ್ಯಾಟರಿ ಹಾಕಿದ ಮೇಲೆ ತೊಂದರೆ ಮುಗಿಯಿತು. ಬ್ಯಾಟರಿ ಚೆನ್ನಾಗಿದ್ದರೆ ವಿಂಡೋಸ್‌ನ ‘ಡೇಟ್ ಅಂಡ್ ಟೈಮ್’ನಲ್ಲಿ ‘ಸಿಂಕ್ ನೌ’ ಒತ್ತಿದರೆ ಸಾಕು.

ಆಮೇಲೆ ವಿಪಿಎನ್, ಅಂದರೆ ನಿಮ್ಮ ಇಂಟರ್ನೆಟ್ ಸಂಪರ್ಕವನ್ನು ಬೇರೆ ಸರ್ವರ್ ಮೂಲಕ ಸುತ್ತಿಸುವ ಸಾಫ್ಟ್‌ವೇರ್. ಇದ್ದರೆ ಆಫ್ ಮಾಡಿ ನೋಡಿ. ಆಫೀಸಿನ ಲ್ಯಾಪ್‌ಟಾಪ್‌ನಲ್ಲಿ ವಿಪಿಎನ್ ತಾನಾಗೇ ಆನ್ ಆಗುತ್ತಿರಬಹುದು.

ಮೂರನೆಯದು ಫೈರ್‌ವಾಲ್, ಅಂದರೆ ಇಂಟರ್ನೆಟ್ ಸಂಪರ್ಕಗಳನ್ನು ಕಾಯುವ ವ್ಯವಸ್ಥೆ. ವಿಂಡೋಸ್ ಸೆಕ್ಯುರಿಟಿಯಲ್ಲಿ ಆ್ಯಪ್‌ಗಳಿಗೆ ಅನುಮತಿ ಕೊಡುವ ಪಟ್ಟಿ ತೆರೆಯಿರಿ. ‘ಸ್ಟೀಮ್’ ಮತ್ತು ‘ಸ್ಟೀಮ್ ವೆಬ್‌ಹೆಲ್ಪರ್’ ಎರಡಕ್ಕೂ ಟಿಕ್ ಇರಬೇಕು. ಬೇರೆ ಆ್ಯಂಟಿವೈರಸ್ ಹಾಕಿದ್ದರೆ ಅದರ ಪಟ್ಟಿಯಲ್ಲೂ ನೋಡಿ.

ಇಷ್ಟಕ್ಕೂ ಆಗದಿದ್ದರೆ ರೌಟರ್‌ನ ಪ್ಲಗ್ ತೆಗೆದು ಒಂದು ನಿಮಿಷ ಬಿಟ್ಟು ಹಾಕಿ. ಡಿಎನ್‌ಎಸ್ (ತಾಣದ ಹೆಸರಿನಿಂದ ಅದರ ವಿಳಾಸ ಹುಡುಕಿಕೊಡುವ ಸರ್ವರ್) ಅನ್ನು 1.1.1.1 ಅಥವಾ 8.8.8.8ಕ್ಕೆ ಬದಲಿಸಿ. ಅದೂ ಆಗದಿದ್ದರೆ ವಿಂಡೋಸ್‌ನ ‘ನೆಟ್‌ವರ್ಕ್ ರೀಸೆಟ್’. ಇದು ವೈಫೈ ಪಾಸ್‌ವರ್ಡ್‌ಗಳನ್ನು ಮರೆಸುತ್ತದೆ, ಬರೆದಿಟ್ಟುಕೊಂಡೇ ಮಾಡಿ.

ಹಾಸ್ಟೆಲ್‌ನವರಿಗೆ ಎರಡು ಮಾತು. ಕಾಲೇಜಿನ ನೆಟ್‌ವರ್ಕ್‌ನಲ್ಲಿ ಗೇಮ್ ಪೋರ್ಟ್‌ಗಳನ್ನು, ಅಂದರೆ ಮಾಹಿತಿ ಹೋಗಿಬರುವ ಸಂಖ್ಯೆಯ ಬಾಗಿಲುಗಳನ್ನು, ಮುಚ್ಚಿರುವುದು ಸಾಮಾನ್ಯ. ಸ್ಟೀಮ್ ಸರ್ವರ್ ಜೊತೆ ಮಾತಾಡುವುದು 80, 443 ಮತ್ತು 27015ರಿಂದ 27050ರ ತನಕದ ಪೋರ್ಟ್‌ಗಳಲ್ಲಿ. ವಾಯ್ಸ್ ಚಾಟ್‌ಗೆ 3478, 4379, 4380 ಎಂಬ ಯುಡಿಪಿ ಪೋರ್ಟ್‌ಗಳೂ ಬೇಕು. ಲಿಸ್ಟ್ ಬರುತ್ತದೆ, ಧ್ವನಿ ಮಾತ್ರ ಹೋಗುವುದಿಲ್ಲ ಎಂದರೆ ಈ ಮೂರು ಮುಚ್ಚಿರುವ ಸಾಧ್ಯತೆ ಜಾಸ್ತಿ. ನೆಟ್‌ವರ್ಕ್ ನೋಡಿಕೊಳ್ಳುವವರ ಹತ್ತಿರ ಹೋಗುವಾಗ ‘ಸ್ಟೀಮ್ ಬರ್ತಿಲ್ಲ’ ಎನ್ನಬೇಡಿ. ಈ ಸಂಖ್ಯೆಗಳನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಿ. ಅವರು ಒಪ್ಪದಿದ್ದರೆ ಅದು ಅವರ ನಿಯಮ, ಮೊಬೈಲ್ ಡೇಟಾದಲ್ಲೇ ಆಡಿ.

ಗೇಮ್ ಒಳಗೆ ಲಿಸ್ಟ್ ತೆರೆಯದಿದ್ದರೆ

ಗೇಮ್ ಆಡುವಾಗ ಶಿಫ್ಟ್ ಮತ್ತು ಟ್ಯಾಬ್ ಒಟ್ಟಿಗೆ ಒತ್ತಿದರೆ ಓವರ್‌ಲೇ, ಅಂದರೆ ಗೇಮ್ ಮೇಲೆಯೇ ತೆರೆಯುವ ಸ್ಟೀಮ್ ಪರದೆ, ಬರಬೇಕು. ಬರದಿದ್ದರೆ ‘ಸೆಟ್ಟಿಂಗ್ಸ್’ನ ‘ಇನ್ ಗೇಮ್’ನಲ್ಲಿ ಅದು ಆನ್ ಇದೆಯೇ ನೋಡಿ, ಆ ಗೇಮ್‌ನ ‘ಪ್ರಾಪರ್ಟೀಸ್’ನಲ್ಲೂ ನೋಡಿ. ಗೇಮನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಸ್ಟೀಮ್ ಅನ್ನು ಸಾಧಾರಣವಾಗಿ ತೆರೆದಿದ್ದರೂ ಓವರ್‌ಲೇ ಬರುವುದಿಲ್ಲ. ಎರಡನ್ನೂ ಒಂದೇ ರೀತಿ ತೆರೆಯಿರಿ. ಇನ್ನು ಇಎ, ಯೂಬಿಸಾಫ್ಟ್‌ನ ಎಷ್ಟೋ ಗೇಮ್‌ಗಳು ಸ್ಟೀಮ್‌ನಲ್ಲಿ ಕೊಂಡರೂ ತಮ್ಮದೇ ಫ್ರೆಂಡ್ಸ್ ಲಿಸ್ಟ್ ಬಳಸುತ್ತವೆ. ಅಲ್ಲಿ ಗೆಳೆಯರನ್ನು ಬೇರೆಯಾಗಿ ಸೇರಿಸಬೇಕು.

ಲಿಸ್ಟ್ ತಾನಾಗೇ ಬದಲಾಗಿದ್ದರೆ ಎಚ್ಚರ

ಗೊತ್ತಿಲ್ಲದವರು ಲಿಸ್ಟ್‌ಗೆ ಸೇರಿದ್ದಾರೆ, ಹಳೆಯ ಗೆಳೆಯರು ಹೋಗಿದ್ದಾರೆ, ನೀವು ಕಳಿಸದ ಲಿಂಕ್ ನಿಮ್ಮ ಹೆಸರಿನಲ್ಲಿ ಎಲ್ಲರಿಗೂ ಹೋಗಿದೆ. ಹೀಗಾದರೆ ಅಕೌಂಟ್ ಬೇರೆಯವರ ಕೈಗೆ ಸಿಕ್ಕಿದೆ ಎಂದೇ ತಿಳಿಯಿರಿ. ಉಳಿದೆಲ್ಲ ಬಿಟ್ಟು ಇದನ್ನು ಮೊದಲು ಮಾಡಿ. ವೈರಸ್ ಇಲ್ಲವೆಂದು ನಂಬಿಕೆಯಿರುವ ಬೇರೆ ಕಂಪ್ಯೂಟರ್ ಅಥವಾ ಫೋನಿನಿಂದ ಪಾಸ್‌ವರ್ಡ್ ಬದಲಾಯಿಸಿ. ಇಮೇಲ್‌ನದನ್ನೂ ಬದಲಾಯಿಸಿ. ಸ್ಟೀಮ್ ಗಾರ್ಡ್‌ನ ಸೆಟ್ಟಿಂಗ್‌ನಲ್ಲಿ ಬೇರೆ ಎಲ್ಲ ಸಾಧನಗಳಿಂದ ಸೈನ್ ಔಟ್ ಮಾಡಿಸಿ. ಬೇರೆ ಪ್ರೋಗ್ರಾಂಗಳು ನಿಮ್ಮ ಅಕೌಂಟ್ ಜೊತೆ ಮಾತಾಡಲು ಬಳಸುವ ಕೀ ಒಂದಿದೆ, ಸ್ಟೀಮ್ ಕಮ್ಯುನಿಟಿಯ ವೆಬ್ ಎಪಿಐ ಕೀ ಪುಟದಲ್ಲಿ ನೀವು ಮಾಡದ ಕೀ ಇದ್ದರೆ ತೆಗೆದುಹಾಕಿ.

ಮೋಸದ ಬಗೆ ಹೀಗಿರುತ್ತದೆ. ಅಪರಿಚಿತನೊಬ್ಬ, ಅಥವಾ ಅಕೌಂಟ್ ಕಳೆದುಕೊಂಡ ನಿಮ್ಮದೇ ಗೆಳೆಯನ ಹೆಸರಿನಲ್ಲಿ ಒಬ್ಬ, ‘ತಪ್ಪಿ ನಿನ್ನ ಅಕೌಂಟನ್ನು ರಿಪೋರ್ಟ್ ಮಾಡಿಬಿಟ್ಟೆ, ಈ ಸ್ಟೀಮ್ ಅಧಿಕಾರಿಯ ಜೊತೆ ಮಾತಾಡು, ಇಲ್ಲದಿದ್ದರೆ ಬ್ಯಾನ್ ಆಗುತ್ತದೆ’ ಎನ್ನುತ್ತಾನೆ. ವಾಲ್ವ್‌ನವರು ಚಾಟ್‌ನಲ್ಲಿ ಬಂದು ಮಾತಾಡುವುದೇ ಇಲ್ಲ. ‘ನಮ್ಮ ಟೀಮ್‌ಗೆ ಓಟು ಹಾಕು’ ಎಂಬ ಲಿಂಕ್ ಇನ್ನೊಂದು ಬಲೆ. ಅದನ್ನು ತೆರೆದರೆ ಥೇಟ್ ಸ್ಟೀಮ್‌ನಂಥದೇ ಲಾಗಿನ್ ಪುಟ ಬರುತ್ತದೆ, ವಿಳಾಸದಲ್ಲಿ ಒಂದಕ್ಷರ ಆಚೀಚೆ ಇರುತ್ತದೆ. ಗೆಳೆಯ ಇಂಥ ಲಿಂಕ್ ಕಳಿಸಿದರೆ ಫೋನ್ ಮಾಡಿ ಕೇಳಿ. ಅವನಿಗೆ ತನ್ನ ಅಕೌಂಟ್ ಹೋಗಿರುವುದೇ ಗೊತ್ತಿಲ್ಲದಿರಬಹುದು.

ಕೊನೆಯ ದಾರಿ: ಗೇಮ್ ಉಳಿಸಿಕೊಂಡು ಸ್ಟೀಮ್ ಹೊಸದು ಮಾಡುವುದು

ಹಾಟ್‌ಸ್ಪಾಟ್‌ನಲ್ಲೂ ಬರುತ್ತಿಲ್ಲ, ಕಪ್ಪು ಕಿಟಕಿಗೆ ಹೇಳಿದ ಐದು ಹೆಜ್ಜೆಗಳೂ ಆಯಿತು ಎಂದರೆ ಮಾತ್ರ ಇದಕ್ಕೆ ಕೈ ಹಾಕಿ. ಸ್ಟೀಮ್ ಪೂರ್ತಿ ಮುಚ್ಚಿ. ಸ್ಟೀಮ್ ಇನ್‌ಸ್ಟಾಲ್ ಆಗಿರುವ ಫೋಲ್ಡರ್ ತೆರೆಯಿರಿ. ಸಾಮಾನ್ಯವಾಗಿ ಅದು ಸಿ ಡ್ರೈವ್‌ನ ‘ಪ್ರೋಗ್ರಾಂ ಫೈಲ್ಸ್ ಎಕ್ಸ್86’ ಒಳಗಿರುತ್ತದೆ. ಅಲ್ಲಿ ಮೂರನ್ನು ಮುಟ್ಟಬೇಡಿ: ಗೇಮ್‌ಗಳಿರುವ ‘ಸ್ಟೀಮ್‌ಆ್ಯಪ್ಸ್’ ಫೋಲ್ಡರ್, ನಿಮ್ಮ ಸೆಟ್ಟಿಂಗ್ ಮತ್ತು ಕೆಲವು ಸೇವ್‌ಗಳಿರುವ ‘ಯೂಸರ್‌ಡೇಟಾ’ ಫೋಲ್ಡರ್, ಮತ್ತು ‘ಸ್ಟೀಮ್’ ಎಂಬ ಇಎಕ್ಸ್‌ಇ ಫೈಲ್. ‘ಸ್ಟೀಮ್‌ಆ್ಯಪ್ಸ್’ ಅನ್ನು ಇನ್ನೊಂದು ಡ್ರೈವ್‌ಗೆ ಕಾಪಿ ಮಾಡಿಟ್ಟರೆ ಇನ್ನೂ ಒಳ್ಳೆಯದು. ಉಳಿದದ್ದನ್ನೆಲ್ಲ ಅಳಿಸಿ, ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ, ಆ ಇಎಕ್ಸ್‌ಇ ತೆರೆಯಿರಿ. ಬೇಕಾದ ಫೈಲ್‌ಗಳನ್ನು ಅದು ತಾನೇ ಇಳಿಸಿಕೊಳ್ಳುತ್ತದೆ. ಗೇಮ್‌ಗಳು ಇದ್ದಲ್ಲೇ ಇರುತ್ತವೆ.

ಆಗಲೂ ಬರದಿದ್ದರೆ ಸ್ಟೀಮ್ ಸಪೋರ್ಟ್‌ಗೆ ಬರೆಯಿರಿ. ‘ಹೆಲ್ಪ್’ ಮೆನುವಿನಲ್ಲಿ ‘ಸ್ಟೀಮ್ ಸಪೋರ್ಟ್’ ಇದೆ. ತೆರೆಯ ಮೇಲೆ ಬಂದ ಸಂದೇಶದ ಚಿತ್ರ, ತೊಂದರೆ ಶುರುವಾದ ದಿನ ಮತ್ತು ಭಾರತದ ಸಮಯ, ಮೊಬೈಲ್ ಡೇಟಾದಲ್ಲಿ ಏನಾಯಿತು, ಹಾಟ್‌ಸ್ಪಾಟ್‌ನಲ್ಲಿ ಏನಾಯಿತು, ಈಗಾಗಲೇ ಏನೇನು ಮಾಡಿದಿರಿ ಎಲ್ಲವನ್ನೂ ಮೊದಲ ಪತ್ರದಲ್ಲೇ ಹಾಕಿ. ಇಲ್ಲದಿದ್ದರೆ ಅವರು ಅವೇ ಹೆಜ್ಜೆಗಳನ್ನು ಮತ್ತೆ ಮಾಡಿ ನೋಡಲು ಹೇಳುತ್ತಾರೆ, ಅದರಲ್ಲೇ ಒಂದೆರಡು ದಿನ ಹೋಗುತ್ತದೆ.